ಐದು ಗಂಟೆಯ ಗೆರೆ ಎಳೆದ ಪ್ರೊಫೆಸರ್ ಸಾಲ್ ಕ್ರೋಕರ್

ಹ್ಯಾರಿ ಪಾಟರ್‌ನ ಗೆಳತಿ ಹರ್ಮಯನಿ ಹತ್ತಿರ ಕಾಲದಲ್ಲಿ ಹಿಂದಕ್ಕೆ ಕರೆದೊಯ್ಯುವ ಟೈಮ್ ಟರ್ನರ್ ಇತ್ತಲ್ಲ, ಹಿಂದಕ್ಕೆ ಹೋಗಿ ಹ್ಯಾರಿಯ ಅಪ್ಪ ಅಮ್ಮನನ್ನು ಉಳಿಸಬಹುದಿತ್ತಲ್ಲ? ಹ್ಯಾರಿ ಪಾಟರ್ ಓದಿದ ಪ್ರತಿಯೊಬ್ಬರಿಗೂ ಒಂದಲ್ಲ ಒಂದು ದಿನ ಬರುವ ಪ್ರಶ್ನೆ ಇದು. ಇದಕ್ಕೆ ಆ ಲೋಕದೊಳಗೇ ಒಂದು ಉತ್ತರ ಇದೆ. ಆ ಉತ್ತರ ಕೊಟ್ಟವರು ಶಾಲೆಯ ಮುಖ್ಯಸ್ಥ ಡಂಬಲ್‌ಡೋರ್ ಅಲ್ಲ, ಹರ್ಮಯನಿಯೂ ಅಲ್ಲ. ಕಾದಂಬರಿಗಳಲ್ಲಿ ಒಮ್ಮೆ ದಾರಿಹೋಕರಂತೆ ಬಂದು ಮರೆಯಾಗುವ ಒಬ್ಬ ವಿದ್ವಾಂಸರು, ಪ್ರೊಫೆಸರ್ ಸಾಲ್ ಕ್ರೋಕರ್.

ನನಗೆ ಈ ಮನುಷ್ಯನ ಬಗ್ಗೆ ತುಂಬಾ ಗೌರವ. ಕಥೆಗಳಲ್ಲಿ ಬರುವ ಮಂತ್ರವಾದಿಗಳೆಲ್ಲ ತಮ್ಮ ಶಕ್ತಿ ಎಷ್ಟು ದೂರ ಹೋಗುತ್ತದೆ ಅಂತ ತೋರಿಸೋಕೆ ಒದ್ದಾಡುತ್ತಾರೆ. ಕ್ರೋಕರ್ ಎಲ್ಲಿ ನಿಲ್ಲಬೇಕು ಅಂತ ಕಂಡುಹಿಡಿಯೋಕೆ ಇಡೀ ವೃತ್ತಿಜೀವನ ಕೊಟ್ಟರು. ಅವರು ಹಾಕಿದ ಒಂದು ಮಿತಿಯಿಂದಲೇ ರೌಲಿಂಗ್ ಅವರ ಕಥೆಯಲ್ಲಿ ಕಾಲಯಾನಕ್ಕೆ ಒಂದು ಅರ್ಥ ಬಂತು ಅಂತ ನಾನು ನಂಬುತ್ತೇನೆ. ಹೇಗೆ ಅಂತ ನಿಧಾನವಾಗಿ ನೋಡೋಣ.

ಮೊದಲು ಅವರ ಬದುಕು. ಪುಸ್ತಕದಲ್ಲಿ ಸಿಗೋದು ಬಹಳ ಕಡಿಮೆ. ನಾಲ್ಕನೆಯ ಕಾದಂಬರಿಯಲ್ಲಿ, ಕ್ವಿಡಿಚ್ ವಿಶ್ವಕಪ್ ನಡೆಯುವ ಜಾಗದಲ್ಲಿ, ಹ್ಯಾರಿಯ ಗೆಳೆಯ ರಾನ್‌ನ ಅಪ್ಪ ಆರ್ಥರ್ ವೀಸ್ಲಿ, ಹಾದುಹೋಗುವ ಮಂತ್ರಾಲಯದ (ಮಾಂತ್ರಿಕರ ಸರ್ಕಾರದ) ನೌಕರರನ್ನು ಮಕ್ಕಳಿಗೆ ತೋರಿಸುತ್ತಾ ಇರುತ್ತಾರೆ. ಅದರಲ್ಲಿ ಇಬ್ಬರು ಬೋಡ್ ಮತ್ತು ಕ್ರೋಕರ್. ಇಬ್ಬರೂ 'ಅನ್‌ಸ್ಪೀಕಬಲ್‌'ಗಳು, ಅಂದರೆ ರಹಸ್ಯಗಳ ಇಲಾಖೆಯಲ್ಲಿ ಕೆಲಸ ಮಾಡುವವರು, ಅಲ್ಲಿ ಏನು ನಡೆಯುತ್ತದೆ ಅಂತ ಹೊರಗೆ ಬಾಯಿ ಬಿಡುವಂತಿಲ್ಲದವರು. ವೀಸ್ಲಿಯವರೂ ಅದೇ ಮಂತ್ರಾಲಯದವರು, ಆದರೂ ಇವರು ದಿನವಿಡೀ ಏನು ಮಾಡುತ್ತಾರೆ ಅಂತ ಅವರಿಗೇ ಗೊತ್ತಿಲ್ಲ. ಅಷ್ಟೇ. ಕ್ರೋಕರ್ ಒಂದು ಮಾತೂ ಆಡುವುದಿಲ್ಲ.

ಆಮೇಲೆ ಜೆ.ಕೆ. ರೌಲಿಂಗ್ ಟೈಮ್ ಟರ್ನರ್ ಬಗ್ಗೆ ತಮ್ಮ ಪಾಟರ್‌ಮೋರ್ ತಾಣಕ್ಕೆ ಪ್ರತ್ಯೇಕವಾಗಿ ಒಂದು ಸಣ್ಣ ಬರಹ ಬರೆದರು. ಕ್ರೋಕರ್‌ಗೆ 'ಸಾಲ್' ಎಂಬ ಹೆಸರು, 'ಪ್ರೊಫೆಸರ್' ಎಂಬ ಪದವಿ, ಬದುಕಿಡೀ ಕಾಲದ ಮ್ಯಾಜಿಕ್ ಅಧ್ಯಯನ ಮಾಡಿದವರು ಎಂಬ ಪರಿಚಯ ಎಲ್ಲ ಸಿಕ್ಕಿದ್ದು ಅಲ್ಲೇ. ಅವರು ಕೆಲಸ ಮಾಡಿದ ಜಾಗವನ್ನು ಮಾತ್ರ ನಾವು ಐದನೆಯ ಕಾದಂಬರಿಯಲ್ಲಿ ಕಣ್ಣಾರೆ ನೋಡುತ್ತೇವೆ. ಲಂಡನ್ನಿನ ನೆಲದಡಿಯ ಮಂತ್ರಾಲಯದಲ್ಲಿ ಒಂಬತ್ತನೆಯ ಮಟ್ಟ. ಒಂದು ಕೋಣೆಯಲ್ಲಿ ಸಾವಿನ ಬಗ್ಗೆ ಸಂಶೋಧನೆ, ಇನ್ನೊಂದರಲ್ಲಿ ಮೆದುಳು, ಮತ್ತೊಂದರಲ್ಲಿ ಗ್ರಹಗಳು, ಒಂದರಲ್ಲಿ ಕಾಲ. ಕಾಲದ ಕೋಣೆಯಲ್ಲಿ ಎಲ್ಲಿ ನೋಡಿದರೂ ಗಡಿಯಾರ, ಜೊತೆಗೆ ಗಂಟೆಯಾಕಾರದ ಒಂದು ದೊಡ್ಡ ಗಾಜಿನ ಪಾತ್ರೆ. ಅದರೊಳಗೆ ಒಂದು ಮೊಟ್ಟೆ ಒಡೆದು ಹಮಿಂಗ್‌ಬರ್ಡ್ ಹೊರಬರುತ್ತದೆ, ಮೇಲೇರುತ್ತದೆ, ಕೆಳಗಿಳಿಯುತ್ತಾ ಮತ್ತೆ ಮರಿಯಾಗಿ ಮೊಟ್ಟೆಯೊಳಗೆ ಸೇರಿಕೊಳ್ಳುತ್ತದೆ, ಮತ್ತೆ ಒಡೆಯುತ್ತದೆ. ಜಗಳದ ಮಧ್ಯೆ ಒಬ್ಬ ಡೆತ್ ಈಟರ್‌ನ (ಖಳನಾಯಕ ವೋಲ್ಡಮಾರ್ಟ್‌ನ ಬಂಟನ) ತಲೆ ಆ ಪಾತ್ರೆಯೊಳಗೆ ಸಿಕ್ಕಿಕೊಂಡು ಹಸುಗೂಸಿನ ತಲೆಯಾಗಿಬಿಡುತ್ತದೆ. ಇದು ಓದೋಕೆ ವಿಚಿತ್ರ ಅನ್ನಿಸಬಹುದು, ಆದರೆ ಇಂಥ ವಸ್ತುಗಳ ಪಕ್ಕದಲ್ಲಿ ಕೂತು ಮನುಷ್ಯರು ನೌಕರಿ ಮಾಡುತ್ತಿದ್ದರು ಅನ್ನೋದನ್ನು ಗಮನಿಸಿ. ಕ್ರೋಕರ್ ಜೊತೆ ನಡೆದುಬಂದ ಬೋಡ್ ಅದೇ ಐದನೆಯ ಕಾದಂಬರಿಯಲ್ಲಿ ಆಸ್ಪತ್ರೆಯ ಹಾಸಿಗೆಯಲ್ಲೇ ಕೊಲೆಯಾಗುತ್ತಾರೆ. ಸುಮ್ನೆ ಕಡತ ತಿರುವಿಹಾಕುವ ಇಲಾಖೆ ಅಲ್ಲ ಅದು.

ಈಗ ಯಂತ್ರಕ್ಕೆ ಬರೋಣ. ಕಾಲವನ್ನು ಹಿಂದಕ್ಕೆ ತಿರುಗಿಸುವ ಮಂತ್ರ ಒಂದಿದೆ, ಒಂದು ಮಂತ್ರ ಒಂದು ಗಂಟೆಯನ್ನು ಹಿಂತಿರುಗಿಸುತ್ತದೆ. ಆದರೆ ಈ ಮಂತ್ರ ಸ್ಥಿರವಾಗಿ ನಿಲ್ಲೋದಿಲ್ಲ, ಬಯಲಲ್ಲಿ ಬಿಟ್ಟರೆ ಅಪಾಯ. ಅದಕ್ಕೇ ಕ್ರೋಕರ್ ಮತ್ತು ಅವರ ಜೊತೆಯವರು ಅದನ್ನು ಮಂತ್ರಿಸಿದ ಪುಟ್ಟ ಮರಳುಗಡಿಯಾರದೊಳಗೆ ಕೂಡಿಹಾಕಿದರು. ಕೊರಳಿಗೆ ಸರದಂತೆ ಹಾಕಿಕೊಂಡು ಎಷ್ಟು ಗಂಟೆ ಹಿಂದೆ ಹೋಗಬೇಕೋ ಅಷ್ಟು ಸಲ ತಿರುಗಿಸಬೇಕು. ಅದೇ ಟೈಮ್ ಟರ್ನರ್.

ಹೆಚ್ಚಿನವರು ಗಮನಿಸದ ಒಂದು ಸಂಗತಿ ಇಲ್ಲಿದೆ. ಹರ್ಮಯನಿಯ ಟೈಮ್ ಟರ್ನರ್ ಹಿಂದಕ್ಕೆ ಮಾತ್ರ ಕರೆದುಕೊಂಡು ಹೋಗುತ್ತದೆ. ವಾಪಸ್ ಬರೋಕೆ ಯಾವ ಮಂತ್ರವೂ ಬೇಡ, ಎಲ್ಲರೂ ಕಾಲ ಕಳೆಯುವಂತೆ ನೀವೂ ಗಂಟೆಗೆ ಒಂದು ಗಂಟೆಯಂತೆ ಕಳೆದು ಬಂದರಾಯಿತು. ಹಾಗೆ ಬರುವಾಗ ಅಲ್ಲಿ ಇಬ್ಬರು 'ನೀವು' ಇರುತ್ತೀರಿ: ಮೊದಲನೇ ಸಲ ಆ ಗಂಟೆ ಕಳೆಯುತ್ತಿರುವ ನೀವು, ಎರಡನೇ ಸಲ ಕಳೆಯುತ್ತಿರುವ ನೀವು. ಮೂರನೆಯ ವರ್ಷದಲ್ಲಿ ಹರ್ಮಯನಿ ಒಂದೇ ಹೊತ್ತಿನಲ್ಲಿ ನಡೆಯುವ ಎರಡು ಮೂರು ತರಗತಿಗಳಿಗೆ ಹೋಗಿದ್ದು ಹೀಗೆ. ಅವಳ ದೇಹಕ್ಕೆ ಮಾತ್ರ ಯಾವ ಗಂಟೆಯೂ ವಾಪಸ್ ಸಿಗಲಿಲ್ಲ. ಬೇರೆ ಮಕ್ಕಳು ಇಪ್ಪತ್ತನಾಲ್ಕು ಗಂಟೆ ಬದುಕಿದ ದಿನದಲ್ಲಿ ಅವಳು ಇನ್ನೂ ಒಂದೆರಡು ಗಂಟೆ ಜಾಸ್ತಿ ಬದುಕಿದಳು, ಅಷ್ಟು ಜಾಸ್ತಿ ದಣಿದಳು. ಆ ವರ್ಷವಿಡೀ ಅವಳ ಸಿಡುಕು, ಅಳು, ಚಾರ್ಮ್ಸ್ ತರಗತಿಗೆ ಹೋಗದೆ ನಿದ್ದೆ ಹೋಗಿಬಿಟ್ಟಿದ್ದು, ಎಲ್ಲಕ್ಕೂ ಇದೇ ಕಾರಣ.

ಆಮೇಲೆ ಬರುತ್ತದೆ ಆ ಮೂರು ತಿರುವು, ಅಂದರೆ ಟೈಮ್ ಟರ್ನರನ್ನು ಮೂರು ಸಲ ತಿರುಗಿಸಿ ಹ್ಯಾರಿ ಮತ್ತು ಹರ್ಮಯನಿ ಮೂರು ಗಂಟೆ ಹಿಂದಕ್ಕೆ ಹೋಗುವ ಪ್ರಸಂಗ. ಮೊದಲ ಸುತ್ತಿನಲ್ಲಿ ಹ್ಯಾರಿ, ರಾನ್, ಹರ್ಮಯನಿ ಹ್ಯಾಗ್ರಿಡ್‌ನ ಗುಡಿಸಲಿನಿಂದ ದೂರ ಹೋಗುವಾಗ ಕೊಡಲಿಯ ಪೆಟ್ಟು ಕೇಳಿಸುತ್ತದೆ. ಮರಣದಂಡನೆಗೆ ಗುರಿಯಾಗಿದ್ದ, ಹ್ಯಾಗ್ರಿಡ್ ಸಾಕಿದ್ದ ಅರ್ಧ ಹದ್ದು ಅರ್ಧ ಕುದುರೆಯಂಥ ಪ್ರಾಣಿ ಬಕ್‌ಬೀಕ್ ಸತ್ತಿತು ಅಂದುಕೊಳ್ಳುತ್ತಾರೆ, ನಾವೂ ಹಾಗೇ ಅಂದುಕೊಳ್ಳುತ್ತೇವೆ. ಎರಡನೆಯ ಸುತ್ತಿನಲ್ಲಿ ಗೊತ್ತಾಗುತ್ತದೆ, ಬಕ್‌ಬೀಕ್ ಅಷ್ಟರಲ್ಲಿ ಮಾಯವಾಗಿತ್ತು, ಕೊಲ್ಲೋಕೆ ಬಂದವನು ಸಿಟ್ಟಿನಲ್ಲಿ ಬೇಲಿಗೆ ಕೊಡಲಿ ಬೀಸಿದ್ದ. ಕೆರೆಯ ಆಚೆ ದಡದಲ್ಲಿ ನಿಂತು, ತನ್ನ ಆತ್ಮ ಹೀರಲು ಬಂದ ಡಿಮೆಂಟರ್ ಎಂಬ ಪಿಶಾಚಿಗಳನ್ನು ಓಡಿಸಿದವನು ತನ್ನ ಅಪ್ಪ ಇರಬೇಕು ಅಂತ ಹ್ಯಾರಿ ನಂಬಿದ್ದ. ಎರಡನೇ ಸಲ ಅದೇ ದಡದಲ್ಲಿ ಕಾದು ಕಾದು, ಯಾರೂ ಬರದಿದ್ದಾಗ, ಅಲ್ಲಿ ಇದ್ದವನು ತಾನೇ ಅಂತ ಹೊಳೆಯುತ್ತದೆ. ಆಮೇಲೆ ಅವನು ಕೊಡುವ ವಿವರಣೆ ಇಡೀ ಪುಸ್ತಕದಲ್ಲಿ ನನಗೆ ಅತ್ಯಂತ ಇಷ್ಟವಾದದ್ದು: ಆಗಲೇ ಒಂದು ಸಲ ಮಾಡಿಬಿಟ್ಟಿದ್ದೆ, ಅದಕ್ಕೇ ಈ ಸಲ ಮಾಡಬಲ್ಲೆ ಅಂತ ಗೊತ್ತಿತ್ತು ಅನ್ನುತ್ತಾನೆ.

ಇಲ್ಲಿ ಏನೂ ಬದಲಾಗಲಿಲ್ಲ ಅನ್ನೋದನ್ನು ನೋಡಿ. ಬಕ್‌ಬೀಕ್ 'ಮೊದಲು ಸತ್ತು, ಆಮೇಲೆ ಉಳಿದದ್ದು' ಅಲ್ಲ. ಅದು ಸತ್ತೇ ಇರಲಿಲ್ಲ. ಮಕ್ಕಳು ಹಿಂದೆ ಹೋಗಿದ್ದೂ ನಡೆದ ಘಟನೆಯ ಭಾಗವೇ, ಮೊದಲ ಸುತ್ತಿನಲ್ಲೇ ಅವರ ಎರಡನೆಯ ರೂಪ ಕಾಡಿನಂಚಿನಲ್ಲಿ ಅಡಗಿ ಕೂತಿತ್ತು. ಬದಲಾಗಿದ್ದು ನಮ್ಮ ತಿಳಿವಳಿಕೆ ಮಾತ್ರ. ಭೌತವಿಜ್ಞಾನದಲ್ಲೂ ಇದೇ ಆಲೋಚನೆ ಇದೆ. ಇಗೋರ್ ನೊವಿಕೋವ್ ಎಂಬ ರಷ್ಯಾದ ವಿಜ್ಞಾನಿ ಕಾಲಯಾನ ಸಾಧ್ಯ ಅಂತಲೇ ಇಟ್ಟುಕೊಂಡು ಯೋಚಿಸಿದರು: ಹಿಂದಕ್ಕೆ ಹೋದವನು ಏನೇ ಮಾಡಿದರೂ ಅದು ಆಗಲೇ ನಡೆದಿದ್ದಕ್ಕೆ ಹೊಂದಿಕೊಳ್ಳಲೇಬೇಕು, ಹೊಂದಿಕೊಳ್ಳದ ಘಟನೆ ನಡೆಯೋಕೇ ಸಾಧ್ಯವಿಲ್ಲ. ಜೋಸೆಫ್ ಪೋಲ್ಚಿನ್‌ಸ್ಕಿ ಇದಕ್ಕೊಂದು ಸವಾಲು ಹಾಕಿದರು. ಒಂದು ಬಿಲಿಯರ್ಡ್ಸ್ ಚೆಂಡು ಕಾಲದ ಸುರಂಗದೊಳಗೆ ಹೋಗಿ, ಸ್ವಲ್ಪ ಹೊತ್ತಿನ ಹಿಂದೆ ಹೊರಬಂದು, ಒಳಗೆ ಹೋಗುತ್ತಿರುವ ತನಗೇ ಡಿಕ್ಕಿ ಹೊಡೆದು ದಾರಿ ತಪ್ಪಿಸಿದರೆ? ಹಾಗಾದರೆ ಅದು ಒಳಗೇ ಹೋಗಲಿಲ್ಲ, ಒಳಗೆ ಹೋಗದಿದ್ದರೆ ಡಿಕ್ಕಿ ಹೊಡೆದದ್ದು ಯಾವುದು? ಕಿಪ್ ಥಾರ್ನ್ ಅವರ ಬಳಿ ಇದ್ದ ಇಬ್ಬರು ವಿದ್ಯಾರ್ಥಿಗಳು ಲೆಕ್ಕ ಹಾಕಿ ನೋಡಿದರು. ಚೆಂಡು ಪೂರ್ತಿ ಡಿಕ್ಕಿ ಹೊಡೆಯುವ ಬದಲು ತನ್ನನ್ನೇ ಮೆಲ್ಲಗೆ ಸವರಿ, ಆ ಸವರುವಿಕೆಯಿಂದಲೇ ಸುರಂಗಕ್ಕೆ ಸ್ವಲ್ಪ ಓರೆಯಾಗಿ ಹೋಗಿ, ಆ ಓರೆಯಿಂದಲೇ ಹೊರಬಂದಾಗ ಮೆಲ್ಲಗೆ ಸವರುವಂಥ ಉತ್ತರಗಳು ಸಿಕ್ಕವು. ಕೆರೆಯ ದಡದ ಹ್ಯಾರಿ ಮಾಡಿದ್ದೂ ಇದನ್ನೇ ಅಲ್ವಾ? ತಾನು ಬದುಕಿ ಉಳಿದಿದ್ದರಿಂದ ಹಿಂದೆ ಬಂದ, ಹಿಂದೆ ಬಂದಿದ್ದರಿಂದ ಬದುಕಿ ಉಳಿದ.

ಇಷ್ಟಕ್ಕೇ ನಿಂತಿದ್ದರೆ ಕಥೆ ಸರಳವಾಗಿತ್ತು. ಕ್ರೋಕರ್ ಹೇಳುವ ಎಲೊಯೀಸ್ ಮಿಂಟಂಬಲ್ ಪ್ರಕರಣ ಎಲ್ಲವನ್ನೂ ಕಲಕಿಬಿಡುತ್ತದೆ.

1899ರಲ್ಲಿ ಮಿಂಟಂಬಲ್ ಎಂಬ ಮಾಂತ್ರಿಕೆ ಒಂದು ಪ್ರಯೋಗದಲ್ಲಿ 1402ಕ್ಕೆ ಹೋಗಿ ಅಲ್ಲಿ ಐದು ದಿನ ಸಿಕ್ಕಿಹಾಕಿಕೊಂಡರು. (ಕಾಲದ ಅಂದಾಜಿಗೆ ಹೇಳಬೇಕೆಂದರೆ, ಆಗ ನಮ್ಮ ಹಂಪೆಯಲ್ಲಿ ಎರಡನೆಯ ಹರಿಹರ ಆಳುತ್ತಿದ್ದ.) ಹೇಗೋ ಅವರನ್ನು ವಾಪಸ್ ಎಳೆದು ತಂದರು. ಆದರೆ ಬರುವ ದಾರಿಯಲ್ಲಿ ಅವರ ದೇಹಕ್ಕೆ ಐದು ಶತಮಾನದ ವಯಸ್ಸಾಗಿತ್ತು, ಸ್ವಲ್ಪ ಹೊತ್ತಿನಲ್ಲೇ ಸೇಂಟ್ ಮಂಗೋಸ್ ಆಸ್ಪತ್ರೆಯಲ್ಲಿ ತೀರಿಕೊಂಡರು. ಇನ್ನೂ ಭಯಂಕರ ಸಂಗತಿ ಬೇರೆ. ಆ ಐದು ದಿನಗಳಲ್ಲಿ ಅವರು ಭೇಟಿಯಾದವರ ಬದುಕಿನ ದಾರಿ ಎಷ್ಟು ಬದಲಾಯಿತೆಂದರೆ, ಹಾಗೆ ಭೇಟಿಯಾದವರ ವಂಶದ 25 ಜನ ಇತ್ತ ವರ್ತಮಾನದಲ್ಲಿ ಇದ್ದಕ್ಕಿದ್ದಂತೆ ಇಲ್ಲವಾದರು. ಸತ್ತಿದ್ದಲ್ಲ, ಹುಟ್ಟಲೇ ಇಲ್ಲದವರಾದರು. ಅದೂ ಸಾಲದು ಅಂತ ಮಿಂಟಂಬಲ್ ವಾಪಸ್ ಬಂದ ಮೇಲಿನ ಮಂಗಳವಾರ ಎರಡೂವರೆ ದಿನ ನಡೆಯಿತು, ಗುರುವಾರ ನಾಲ್ಕೇ ಗಂಟೆಯಲ್ಲಿ ಮುಗಿದುಹೋಯಿತು.

ಈಗ ತೊಡಕು ಕಾಣಿಸುತ್ತಿರಬೇಕು. ಹ್ಯಾರಿಯ ಕಥೆಯಲ್ಲಿ ಹಿಂದಿನದನ್ನು ಬದಲಿಸೋಕೇ ಆಗುವುದಿಲ್ಲ. ಮಿಂಟಂಬಲ್ ಕಥೆಯಲ್ಲಿ ಹಿಂದಿನದು ಬದಲಾಗಿ 25 ಜನ ಅಳಿಸಿಹೋದರು. ಎರಡೂ ಒಂದೇ ಲೋಕದಲ್ಲಿ ಹೇಗೆ ನಿಜವಾಗುತ್ತವೆ?

ಕ್ರೋಕರ್ ನಿಯಮ ಬರೋದು ಇಲ್ಲಿಗೆ. ಪ್ರಯಾಣಿಕನಿಗಾಗಲಿ ಕಾಲಕ್ಕಾಗಲಿ ದೊಡ್ಡ ಹಾನಿಯಾಗದಂತೆ ಮತ್ತೆ ಬದುಕಬಹುದಾದ ಅತಿ ದೀರ್ಘ ಅವಧಿ ಸುಮಾರು ಐದು ಗಂಟೆ. ಅಷ್ಟೇ ನಿಯಮ. ಕೇಳೋಕೆ ಕಚೇರಿಯ ಸುತ್ತೋಲೆಯಂತಿದೆ, ಆದರೆ ಇದನ್ನು ಆ ಎರಡು ಕಥೆಗಳ ನಡುವೆ ಇಟ್ಟು ನೋಡಿ. ನನ್ನ ಓದು ಹೀಗಿದೆ: ಐದು ಗಂಟೆಯ ಒಳಗೆ ಹೋದಾಗ ಸುತ್ತು ಪೂರ್ತಿಯಾಗುತ್ತದೆ. ಹೋದವನು ಸುಮ್ಮನೆ ಕಾಲ ಕಳೆದು ತಾನು ಹೊರಟ ಕ್ಷಣಕ್ಕೆ ತಾನೇ ಬಂದು ಸೇರುತ್ತಾನೆ, ಮರೆಯಲ್ಲಿ ಅಡಗಿರುವಷ್ಟು ಹೊತ್ತು ಅದು, ನಡೆದಿದ್ದಕ್ಕೂ ನಡೆಯಬೇಕಿದ್ದಕ್ಕೂ ಜಗಳ ಬರುವುದಿಲ್ಲ. ಅದಕ್ಕಿಂತ ದೂರ ಹೋದಷ್ಟೂ ಸುತ್ತು ಮುಚ್ಚುವುದು ಕಷ್ಟ. ಮಿಂಟಂಬಲ್ 497 ವರ್ಷ ಕಾದು ವಾಪಸ್ ಬರೋಕೆ ಆಗುತ್ತಿತ್ತೇ? ಯಾರೋ ಈ ಕಡೆಯಿಂದ ಎಳೆಯಬೇಕಾಯಿತು. ಹರ್ಮಯನಿ ತಾನು ಪಡೆದ ಪ್ರತಿ ಗಂಟೆಯ ಬೆಲೆಯನ್ನು ಆಗಿಂದಾಗಲೇ ದಣಿವಿನ ರೂಪದಲ್ಲಿ ಕೊಟ್ಟಿದ್ದಳು, ಮಿಂಟಂಬಲ್ ಅವರದ್ದು ಅಂಗಡಿಯ ಉದ್ರಿ ಲೆಕ್ಕದಂತೆ ಉಳಿದುಬಿಟ್ಟಿತ್ತು, ಎಳೆದ ಕ್ಷಣದಲ್ಲಿ ಐನೂರು ವರ್ಷದ ಬಾಕಿ ಒಂದೇ ಸಲಕ್ಕೆ ದೇಹದ ಮೇಲೆ ಬಿತ್ತು.

25 ಜನರ ಸಂಖ್ಯೆಯೂ ಯೋಚಿಸುವಂಥದ್ದು. ಒಂದು ತಲೆಮಾರಿಗೆ 25 ವರ್ಷ ಅಂದರೆ 500 ವರ್ಷಕ್ಕೆ 20 ತಲೆಮಾರು. ನಿಮಗೆ ಅಪ್ಪ ಅಮ್ಮ ಇಬ್ಬರು, ಅಜ್ಜ ಅಜ್ಜಿಯರು ನಾಲ್ವರು, ಹೀಗೇ ದುಪ್ಪಟ್ಟಾಗುತ್ತಾ ಹೋದರೆ 20ನೇ ತಲೆಮಾರಿನಲ್ಲಿ ನಿಮ್ಮ ವಂಶವೃಕ್ಷದಲ್ಲಿ ಹತ್ತು ಲಕ್ಷಕ್ಕೂ ಜಾಸ್ತಿ ಜಾಗಗಳಿರುತ್ತವೆ. ಒಬ್ಬರೇ ಹಲವು ಜಾಗಗಳಲ್ಲಿ ಬರುತ್ತಾರೆ ನಿಜ, ಆದರೂ ಅಷ್ಟು ಹಿಂದೆ ಬದುಕಿ ಮಕ್ಕಳನ್ನು ಪಡೆದ ಒಬ್ಬ ಸಾಧಾರಣ ರೈತ ಇಂದಿನ ಸಾವಿರಾರು ಜನರ ಮೂಲಪುರುಷ ಆಗಿರಬಹುದು. ಅವನು ಆ ದಿನ ಸಂತೆಗೆ ಹೋಗದೆ ದಾರಿಯಲ್ಲಿ ಅಪರಿಚಿತ ಹೆಂಗಸೊಬ್ಬಳ ಜೊತೆ ಮಾತಾಡುತ್ತಾ ನಿಂತ, ಮುಂದೆ ಮದುವೆಯಾಗಬೇಕಿದ್ದ ಹುಡುಗಿಯನ್ನು ನೋಡಲೇ ಇಲ್ಲ ಅಂದುಕೊಳ್ಳಿ. ಆ ಲೆಕ್ಕದಲ್ಲಿ 25 ತುಂಬಾ ಕಡಿಮೆ. ಕಾಲ ಹೆಚ್ಚಿನ ಗಾಯಗಳನ್ನು ತಾನೇ ಹೊಲಿದುಕೊಂಡಿತು, ಹೊಲಿಯೋಕೆ ಆಗದೆ ಉಳಿದವರು ಆ 25 ಜನ ಅಂತ ನನಗೆ ಅನ್ನಿಸುತ್ತದೆ. ಆ ವಿಚಿತ್ರ ವಾರವನ್ನೂ ಕೂಡಿ ನೋಡಿ: ಮಂಗಳವಾರ 60 ಗಂಟೆ, ಗುರುವಾರ 4 ಗಂಟೆ, ಒಟ್ಟು 64. ಎರಡು ದಿನಕ್ಕೆ ಇರಬೇಕಾದದ್ದು 48. ಅಂದರೆ 16 ಗಂಟೆ ಹೆಚ್ಚುವರಿಯಾಗೇ ಉಳಿಯಿತು. ಇದನ್ನು ಜನರಿಂದ ಮುಚ್ಚಿಡೋಕೆ ಮಂತ್ರಾಲಯ ತುಂಬಾ ಪರದಾಡಿತಂತೆ.

ಹೊರಗಿನ ನಿಜ ಲೋಕದಲ್ಲೂ ಇಂಥದೊಂದು ಗೆರೆ ಇದೆಯೇ ಅಂತ ವಿಜ್ಞಾನಿಗಳು ಕೇಳಿದ್ದಾರೆ. 1949ರಲ್ಲಿ ಕರ್ಟ್ ಗೋಡೆಲ್ ಎಂಬ ಗಣಿತಜ್ಞ ಐನ್‌ಸ್ಟೈನರ ಸಮೀಕರಣಗಳನ್ನೇ ಬಳಸಿ, ಇಡೀ ವಿಶ್ವ ತಿರುಗುತ್ತಿದ್ದರೆ ಅಲ್ಲಿ ಮುಂದೆ ಮುಂದೆ ಹೋಗುತ್ತಲೇ ತನ್ನದೇ ಭೂತಕಾಲಕ್ಕೆ ಬಂದು ಸೇರುವ ದಾರಿಗಳಿರುತ್ತವೆ ಅಂತ ತೋರಿಸಿದರು. ನಮ್ಮ ವಿಶ್ವ ಹಾಗೆ ತಿರುಗುತ್ತಿರುವ ಕುರುಹು ಸಿಕ್ಕಿಲ್ಲ. ಸ್ಟೀಫನ್ ಹಾಕಿಂಗ್ 1992ರಲ್ಲಿ ಇನ್ನೂ ಕಟುವಾಗಿ ಹೇಳಿದರು: ಭೂತಕಾಲಕ್ಕೆ ದಾರಿ ತೆರೆದುಕೊಳ್ಳುವ ಕ್ಷಣದಲ್ಲೇ ಅಲ್ಲಿ ಶಕ್ತಿ ಮಿತಿಮೀರಿ ಸೇರಿಕೊಂಡು ಆ ದಾರಿಯನ್ನೇ ನಾಶ ಮಾಡಿಬಿಡುತ್ತದೆ, ಪ್ರಕೃತಿಯ ನಿಯಮಗಳೇ ಇತಿಹಾಸವನ್ನು ಕಾಯುತ್ತವೆ ಅಂತ. ಅದು ಇನ್ನೂ ಸಾಬೀತಾಗದ ಊಹೆ. 2009ರ ಜೂನ್ 28ರಂದು ಅವರು ಕೇಂಬ್ರಿಜ್‌ನಲ್ಲಿ ಕಾಲಯಾತ್ರಿಗಳಿಗಾಗಿ ಒಂದು ಪಾರ್ಟಿ ಇಟ್ಟು, ಪಾರ್ಟಿ ಮುಗಿದ ಮೇಲೆ ಆಹ್ವಾನ ಪ್ರಕಟಿಸಿದರು. ಯಾರೂ ಬಂದಿರಲಿಲ್ಲ. ಕ್ರೋಕರ್ ಮತ್ತು ಹಾಕಿಂಗ್ ಇಬ್ಬರೂ ಒಂದೇ ಜಾಗದಲ್ಲಿ ನಿಂತಿದ್ದಾರೆ. ವ್ಯತ್ಯಾಸ ಇಷ್ಟೇ, ಹಾಕಿಂಗ್ ಬಾಗಿಲನ್ನು ಪೂರ್ತಿ ಮುಚ್ಚಿದರು, ಕ್ರೋಕರ್ ಐದು ಗಂಟೆಯಷ್ಟು ಸಂದಿ ಬಿಟ್ಟರು.

ಮುಂದಕ್ಕೆ ಹೋಗೋದು ಬೇರೆ ಮಾತು. ಅದಕ್ಕೆ ವಿಜ್ಞಾನದಲ್ಲಿ ತಡೆಯಿಲ್ಲ, ವೇಗವಾಗಿ ಚಲಿಸುವವರ ಗಡಿಯಾರ ನಿಧಾನವಾಗುತ್ತದೆ, ಅಷ್ಟೇ. ನಮ್ಮ ಭಾಗವತದ ಕಕುದ್ಮಿಯ ಕಥೆ ಕೇಳಿರುತ್ತೀರಿ. ಮಗಳು ರೇವತಿಗೆ ವರ ಯಾರು ಅಂತ ಕೇಳೋಕೆ ಬ್ರಹ್ಮಲೋಕಕ್ಕೆ ಹೋದ ರಾಜ, ಗಂಧರ್ವರ ಹಾಡು ಮುಗಿಯಲಿ ಅಂತ ಸ್ವಲ್ಪ ಹೊತ್ತು ಕಾದ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿತ್ತು, ಅಂದರೆ 11 ಕೋಟಿ 66 ಲಕ್ಷ ವರ್ಷ. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರಗಳು ಯಾರೂ ಉಳಿದಿರಲಿಲ್ಲ, ರೇವತಿಯನ್ನು ಬಲರಾಮನಿಗೆ ಕೊಟ್ಟ. ಆ ಕಥೆ ಕಟ್ಟಿದವರು ಕಕುದ್ಮಿಯನ್ನು ಹಿಂದಕ್ಕೆ ಕಳಿಸಲಿಲ್ಲ ಅನ್ನೋದು ನನಗೆ ಮುಖ್ಯ. ಕಳೆದುಕೊಂಡಿದ್ದು ಕಳೆದುಹೋಯಿತು, ಅವನು ಹೊಸ ಕಾಲದಲ್ಲಿ ಹೊಸ ಸಂಬಂಧ ಹುಡುಕಬೇಕಾಯಿತು.

ಈಗ ಮೊದಲಿನ ಪ್ರಶ್ನೆಗೆ ಉತ್ತರ ಸುಲಭ. ಹ್ಯಾರಿಯ ಅಪ್ಪ ಅಮ್ಮ ಸತ್ತಿದ್ದು 1981ರ ಅಕ್ಟೋಬರ್ 31ರಂದು. ಹರ್ಮಯನಿ ಮೂರು ಸಲ ತಿರುಗಿಸಿದ್ದು 1994ರ ಜೂನ್‌ನಲ್ಲಿ. ಮಧ್ಯೆ ಇರೋದು ಒಂದು ಲಕ್ಷಕ್ಕೂ ಜಾಸ್ತಿ ಗಂಟೆ. ಅಲ್ಲಿಗೆ ಹೋಗೋಕೆ ಹೊರಟರೆ ಮಿಂಟಂಬಲ್ ಗತಿಯೇ, ಜೊತೆಗೆ ಯಾರ್ಯಾರು ಹುಟ್ಟದೇ ಹೋಗುತ್ತಾರೋ.

ಕ್ರೋಕರ್ ಬಿಟ್ಟುಹೋಗಿದ್ದು ಏನು ಅಂತ ಕೇಳಿದರೆ, ಮಂತ್ರಾಲಯದ ಮಟ್ಟಿಗೆ ಅದು ನೂರಾರು ಕಾನೂನು. ಶಾಲೆಯ ಶಿಕ್ಷಕಿ ಪ್ರೊಫೆಸರ್ ಮೆಕ್‌ಗಾನಗಲ್ ಹರ್ಮಯನಿ ಎಂಬ ಹದಿಮೂರು ವರ್ಷದ ಹುಡುಗಿಗೆ ಟೈಮ್ ಟರ್ನರ್ ಕೊಡಿಸಲು ಪತ್ರದ ಮೇಲೆ ಪತ್ರ ಬರೆದು, ಇವಳು ಓದಿಗೆ ಬಿಟ್ಟು ಬೇರೆ ಯಾವುದಕ್ಕೂ ಬಳಸುವುದಿಲ್ಲ ಅಂತ ಭರವಸೆ ಕೊಡಬೇಕಾಯಿತು. ಇಷ್ಟು ಶಕ್ತಿಯ ವಸ್ತು ಶಾಲೆಯ ವೇಳಾಪಟ್ಟಿಗೆ ಬಳಕೆಯಾಯಿತಲ್ಲ ಅಂತ ಬೇಸರ ಮಾಡಿಕೊಳ್ಳುವವರಿದ್ದಾರೆ. ನನಗಂತೂ ಕ್ರೋಕರ್ ಬಯಸಿದ್ದು ಇದನ್ನೇ ಅನ್ನಿಸುತ್ತದೆ: ಸಣ್ಣ ಕೆಲಸಕ್ಕೆ ಮಾತ್ರ, ದೊಡ್ಡದಕ್ಕೆ ಯಾವತ್ತೂ ಬೇಡ. ಮನುಷ್ಯರ ಬುದ್ಧಿಗೆ ಕಾಲವೇ ಪೂರ್ತಿ ಅರ್ಥವಾಗುವುದಿಲ್ಲ, ಹಾಗಿರುವಾಗ ಅದನ್ನು ಕೆಣಕಿದರೆ ಆಗುವ ಹಾನಿಯೂ ಅರ್ಥವಾಗುವುದಿಲ್ಲ ಅನ್ನೋದು ಅವರ ನಿಲುವು.

ಕಾಲಯಾನವನ್ನು ಹಗುರವಾಗಿ ಕಥೆಗೆ ತಂದುಬಿಟ್ಟೆ, ಅದರಿಂದ ತೊಂದರೆಗಳಾದವು ಅಂತ ಸ್ವತಃ ರೌಲಿಂಗ್ ಒಪ್ಪಿಕೊಂಡಿದ್ದಾರೆ. ಅದನ್ನು ಸರಿಮಾಡಲು ಹರ್ಮಯನಿಯಿಂದ ಟೈಮ್ ಟರ್ನರ್ ವಾಪಸ್ ಕೊಡಿಸಿದರು. ಐದನೆಯ ಕಾದಂಬರಿಯಲ್ಲಿ, ಕಥೆಯ ಕಾಲಕ್ಕೆ 1996ರಲ್ಲಿ, ಟೈಮ್ ಟರ್ನರ್‌ಗಳಿದ್ದ ಗಾಜಿನ ಬೀರು ಬಿದ್ದು ಒಡೆಯುತ್ತದೆ. ಒಡೆದು ಸುಮ್ಮನಾಗುವುದಿಲ್ಲ, ತಾನೇ ಎದ್ದು ಜೋಡಿಸಿಕೊಂಡು ಗೋಡೆಗೆ ಏರಿ, ಮತ್ತೆ ಬಿದ್ದು ಒಡೆಯುತ್ತದೆ, ಮತ್ತೆ ಮತ್ತೆ.

2016ರಲ್ಲಿ ಲಂಡನ್ನಿನಲ್ಲಿ ರಂಗಕ್ಕೆ ಬಂದ 'ಕರ್ಸ್ಡ್ ಚೈಲ್ಡ್' ನಾಟಕದಲ್ಲಿ ಹೊಸ ಟೈಮ್ ಟರ್ನರ್ ಬರುತ್ತದೆ, ಹ್ಯಾರಿಯ ಮಗ ಆಲ್ಬಸ್ ಮತ್ತು ಅವನ ಗೆಳೆಯ ಸ್ಕಾರ್ಪಿಯಸ್ ಇಪ್ಪತ್ತು ವರ್ಷಕ್ಕೂ ಹಿಂದೆ ಹೋಗಿಬರುತ್ತಾರೆ. ನಿಯಮ ಮುರಿದರೂ ಬದುಕಿ ಉಳಿದರಲ್ಲ ಅಂತ ಬಹಳ ಓದುಗರಿಗೆ ಸಿಟ್ಟು. ನನಗೂ ಅದು ಸಡಿಲ ಅನ್ನಿಸಿತು, ಮಿಂಟಂಬಲ್ ಕೊಟ್ಟ ಬೆಲೆಗೆ ಹೋಲಿಸಿದರೆ ಈ ಹುಡುಗರು ಕೊಟ್ಟಿದ್ದು ಏನೂ ಅಲ್ಲ. ಆದರೆ ನಾಟಕ ಕ್ರೋಕರ್ ಅವರನ್ನು ಮರೆತಿಲ್ಲ. ಮೊದಲ ಪ್ರಯಾಣ ಮುಗಿಸಿ ಬಂದಾಗ ಆಲ್ಬಸ್‌ನ ಮೂಳೆ, ಇಪ್ಪತ್ತು ವರ್ಷದ ಹಿಂದೆಯೇ ಮುರಿದು ಓರೆಯಾಗಿ ಕೂಡಿಕೊಂಡಂತೆ ಇರುತ್ತದೆ. ಎಲ್ಲವೂ ಯಾಕೆ ಹದಗೆಟ್ಟಿತು ಅಂತ ಗೆಳೆಯನಿಗೆ ವಿವರಿಸುವಾಗ ಸ್ಕಾರ್ಪಿಯಸ್ ಹೇಳುವುದು ಪ್ರೊಫೆಸರ್ ಕ್ರೋಕರ್ ನಿಯಮವನ್ನೇ, ಐದು ಗಂಟೆಯ ಆ ಲೆಕ್ಕವನ್ನೇ.

ಮೂರನೆಯ ಕಾದಂಬರಿಯನ್ನು ಮತ್ತೆ ಕೈಗೆತ್ತಿಕೊಳ್ಳುವವರು ಹದಿನಾರನೆಯ ಅಧ್ಯಾಯದ ಕೊನೆಯ ಪುಟ ಓದಿ, ತಕ್ಷಣ ಇಪ್ಪತ್ತೊಂದನೆಯ ಅಧ್ಯಾಯಕ್ಕೆ ಹಾರಿ ನೋಡಿ. ಒಂದರಲ್ಲಿ ಕಿವಿಗೆ ಬಿದ್ದ ಕೊಡಲಿಯ ಪೆಟ್ಟು ಇನ್ನೊಂದರಲ್ಲಿ ಕಣ್ಣಿಗೆ ಕಾಣುತ್ತದೆ, ಎರಡರ ನಡುವೆ ಒಂದೇ ಒಂದು ಘಟನೆಯೂ ಬದಲಾಗಿಲ್ಲ ಅನ್ನೋದನ್ನು ನೀವೇ ಪರೀಕ್ಷೆ ಮಾಡಬಹುದು.